ಓಣಿಯಲ್ಲಿ ಮೂಕಿ ಸಾಂತಾ: ಹಳೆಯ ಆಪರೇಟರ್ ಒಬ್ಬನ ಸೂಚನೆಗಳು

ಕ್ರಿಸ್‌ಮಸ್‌ಗೆ ಓಣಿಯ ಅಂಗಳದಲ್ಲಿ ಹಳೆಯ ಮೂಕಿ ಚಿತ್ರ ತೋರಿಸುವುದಿದ್ದರೆ ಮೊದಲು ವೇಗ ಸರಿಮಾಡಿಕೊಳ್ಳಿ. ಉಳಿದದ್ದೆಲ್ಲ ಆಮೇಲೆ.

ಮೂಕಿ ಚಿತ್ರ ಅಂದ ಕೂಡಲೇ ಜನರಿಗೆ ನೆನಪಾಗುವುದು ಕೀಲಿ ಕೊಟ್ಟ ಗೊಂಬೆಗಳ ಹಾಗೆ ದಡಬಡ ಓಡುವ ಮನುಷ್ಯರು. ಆ ಓಟ ತೆಗೆದವರ ತಪ್ಪಲ್ಲ, ತೋರಿಸುವವರ ತಪ್ಪು. ಆಗಿನ ಕ್ಯಾಮೆರಾಕ್ಕೆ ಮೋಟಾರಿರಲಿಲ್ಲ, ಹಿಡಿಕೆ ತಿರುಗಿಸಿ ತೆಗೆಯುತ್ತಿದ್ದರು. ಒಂದು ಸುತ್ತಿಗೆ 8 ಚಿತ್ರ, ಸೆಕೆಂಡಿಗೆ ಎರಡು ಸುತ್ತು, ಅಲ್ಲಿಗೆ ಸೆಕೆಂಡಿಗೆ 16ರ ಆಸುಪಾಸು. ತಿರುಗಿಸುವ ಕೈ ಚುರುಕಿದ್ದರೆ 18, 20ಕ್ಕೂ ಹೋಗುತ್ತಿತ್ತು. 1920ರ ದಶಕದ ಕೊನೆಗೆ ಸಿನಿಮಾಕ್ಕೆ ಮಾತು ಬಂದಾಗ 24 ಎಂದು ಗಟ್ಟಿಯಾಯಿತು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಒಂದೂವರೆ ಪಟ್ಟು ಜೋರಾಗುತ್ತದೆ. ನಮ್ಮ ಲೆಕ್ಕದಲ್ಲಿ ಹೇಳಬೇಕೆಂದರೆ, 35 ಎಂ.ಎಂ. ಫಿಲ್ಮಿನ ಒಂದು ಅಡಿಯಲ್ಲಿ 16 ಚಿತ್ರ ಇರುತ್ತವೆ. 1,000 ಅಡಿಯ ರೀಲು 16ರ ವೇಗಕ್ಕೆ 16 ನಿಮಿಷ 40 ಸೆಕೆಂಡು ಓಡಬೇಕು, 24ರಲ್ಲಿ 11 ನಿಮಿಷಕ್ಕೇ ಮುಗಿದುಹೋಗುತ್ತದೆ. ಐದೂವರೆ ನಿಮಿಷ ಎಲ್ಲಿ ಹೋಯಿತು? ನಟರ ಮುಖದ ಮೇಲಿನ ಭಾವದಲ್ಲೇ ಕೊಯ್ದುಕೊಂಡು ಹೋಗಿರುತ್ತದೆ.

ಅಂತರ್ಜಾಲದಲ್ಲಿ ಸಿಗುವ ಪ್ರತಿಗಳಲ್ಲಿ ಕೆಲವನ್ನು ತಿಳಿದವರು ಮೊದಲೇ ನಿಧಾನ ಮಾಡಿಟ್ಟಿರುತ್ತಾರೆ, ಹಲವನ್ನು ಮಾಡಿರುವುದಿಲ್ಲ. ಪರೀಕ್ಷೆ ಸುಲಭ. ನಡೆಯುವವರನ್ನು ನೋಡಬೇಡಿ, ನಟರು ಬೇಕೆಂದೇ ಜೋರಾಗಿ ನಡೆದಿರಬಹುದು. ಕೆಳಗೆ ಬೀಳುವ ವಸ್ತು ನೋಡಿ: ದಿಂಬು, ಟೊಪ್ಪಿಗೆ, ಮೈಮೇಲಿಂದ ಜಾರುವ ಶಾಲು. ಅವು ಯಾರ ಮಾತೂ ಕೇಳುವುದಿಲ್ಲ, ತಮ್ಮ ವೇಗಕ್ಕೇ ಬೀಳುತ್ತವೆ. ಲ್ಯಾಪ್‌ಟಾಪಿನಲ್ಲಿ ವಿಎಲ್‌ಸಿ ಪ್ಲೇಯರ್ ಇದ್ದರೆ ಎಡ ಚೌಕ ಆವರಣದ ಗುರುತಿರುವ [ ಕೀಲಿ ಒತ್ತುತ್ತ ಹೋದರೆ ವೇಗ ಇಳಿಯುತ್ತದೆ, ಬಲ ಆವರಣದ ] ಕೀಲಿ ಒತ್ತಿದರೆ ಏರುತ್ತದೆ. ಯೂಟ್ಯೂಬಿನಲ್ಲಾದರೆ ಸೆಟ್ಟಿಂಗಿಗೆ ಹೋಗಿ 0.75 ಇಡಿ. ಬಹುತೇಕ ಚಿತ್ರಗಳಿಗೆ ಅಷ್ಟು ಸಾಕು. ವೇಗ ಇಳಿಸಿದರೆ ಅದರ ಜೊತೆಗಿನ ಸಂಗೀತ ಗೊರಗೊರ ಅನ್ನುತ್ತದೆ. ಚಿಂತೆ ಬೇಡ, ಆ ಸಂಗೀತವನ್ನು ನಾವು ಹೇಗೂ ಬಂದ್ ಮಾಡುವವರು.

ನಾನು ಬೆಳಗಾವಿಯ ಒಂದು ಟಾಕೀಸಿನಲ್ಲಿ ಆಪರೇಟರ್ ಆಗಿದ್ದವನು. ಪ್ರೊಜೆಕ್ಟರಿನ ಬೆಳಕಿಗೆ ಕಾರ್ಬನ್ ಕಡ್ಡಿ ಉರಿಸಿ ರೀಲು ಓಡಿಸಿದ ಕೈ ಇದು. ಟಾಕೀಸು ಹೋಯಿತು, ಕೈಯ ಚಟ ಹೋಗಲಿಲ್ಲ. ಊರಿನ ಕ್ಯಾಂಪ್ ಭಾಗದಲ್ಲಿ ನಮ್ಮ ಮನೆಯ ಸುತ್ತಮುತ್ತ ಕ್ರೈಸ್ತರ ಮನೆಗಳು ಬಹಳ. ಡಿಸೆಂಬರ್ ನಡುವಿಗೆ ಮನೆಮನೆಯ ಮುಂದೆ ನಕ್ಷತ್ರದ ದೀಪ ತೂಗಾಡಲು ಶುರುವಾದರೆ ಮಕ್ಕಳು ಬಾಗಿಲಿಗೆ ಬರುತ್ತವೆ, ‘ಕಾಕಾ, ಈ ಸಲ ಏನ್ ತೋರಸ್ತೀರಿ?’ ಅಂತ. ಕಳ್ಳಪ್ರತಿಯ ಹೊಸ ಸಿನಿಮಾ ಓಡಿಸಲು ನನಗೆ ಮನಸ್ಸಿಲ್ಲ. ನಾನು ತೋರಿಸುವುದು ನೂರು ವರ್ಷ ದಾಟಿದ ಮೂಕಿ ಚಿತ್ರಗಳು. ನಮ್ಮ ದೇಶದಲ್ಲಿ ಸಿನಿಮಾದ ಹಕ್ಕು ಇರುವುದು 60 ವರ್ಷ, ಆದ್ದರಿಂದ ಇವನ್ನು ತೋರಿಸಲು ಯಾರನ್ನೂ ಕೇಳಬೇಕಿಲ್ಲ. ಈಚೆಗೆ ಯಾರಾದರೂ ಹೊಸದಾಗಿ ಸೇರಿಸಿದ ಸಂಗೀತಕ್ಕೆ ಮಾತ್ರ ಬೇರೆ ಹಕ್ಕಿರುತ್ತದೆ. ಧ್ವನಿ ಬಂದ್ ಮಾಡಿ ಅಂದದ್ದು ಅದಕ್ಕೂ ಸೇರಿ.

ಇನ್ನು ಯಾವ ಚಿತ್ರ, ಯಾವ ಕ್ರಮದಲ್ಲಿ.

ಎಲ್ಲಕ್ಕಿಂತ ಮೊದಲು 1898ರ ‘ಸಾಂತಾ ಕ್ಲಾಸ್’. ಇಂಗ್ಲೆಂಡಿನ ಬ್ರೈಟನ್ ಪಕ್ಕದ ಹೋವ್ ಎಂಬ ಊರಿನ ಜಾರ್ಜ್ ಆಲ್ಬರ್ಟ್ ಸ್ಮಿತ್ ತೆಗೆದದ್ದು. ಇರುವುದೇ ಒಂದು ನಿಮಿಷ ಚಿಲ್ಲರೆ. ಮಕ್ಕಳಿಬ್ಬರು ಮಂಚದ ಮೇಲೆ, ಮಂಚಕ್ಕೆ ಕಾಲುಚೀಲ ತೂಗುಹಾಕಿದ್ದಾರೆ. ದೀಪ ಆರುತ್ತದೆ. ಹಿಂದಿನ ಗೋಡೆಯೆಲ್ಲ ಕಪ್ಪಾಗಿ, ಆ ಕಪ್ಪಿನಲ್ಲಿ ಒಂದು ಗುಂಡನೆಯ ಬೆಳಕು ಮೂಡುತ್ತದೆ. ಅದರೊಳಗೆ ಮಾಳಿಗೆಯ ಮೇಲೆ ಸಾಂತಾ, ಚಿಮಣಿಯೊಳಗೆ ಇಳಿಯುತ್ತಿದ್ದಾನೆ! ಕೆಳಗೆ ಮಕ್ಕಳು, ಮೇಲೆ ಸಾಂತಾ, ಎರಡೂ ಒಂದೇ ಚೌಕಟ್ಟಿನಲ್ಲಿ, ಒಂದೇ ಹೊತ್ತಿನಲ್ಲಿ. 1898ರಲ್ಲಿ ಇದನ್ನು ಹೇಗೆ ಮಾಡಿದರು ಎಂದು ಹತ್ತನೇ ಇಯತ್ತೆಯ ಹುಡುಗರು ಕೇಳಿಯೇ ಕೇಳುತ್ತಾರೆ. ಉತ್ತರ ತಯಾರಿಟ್ಟುಕೊಳ್ಳಿ. ಒಂದು ಸಲ ಮಕ್ಕಳ ಕೋಣೆ ತೆಗೆದು, ಮೇಲಿನ ಭಾಗಕ್ಕೆ ಕಪ್ಪು ಬಟ್ಟೆ ಮರೆಮಾಡಿ, ಅದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ ಎರಡನೇ ಸಲ ಬೆಳಕಿಗೆ ಒಡ್ಡಿದ್ದು. ಕಪ್ಪಿದ್ದ ಕಡೆ ಫಿಲ್ಮು ಏನೂ ಹಿಡಿದಿರುವುದಿಲ್ಲ, ಅಲ್ಲಿ ಎರಡನೆಯ ಚಿತ್ರ ಕೂತುಕೊಳ್ಳುತ್ತದೆ. ಸ್ಮಿತ್ ಸಿನಿಮಾಕ್ಕೆ ಬರುವ ಮೊದಲು ಹಿಪ್ನಾಟಿಸಂ ಆಟ ತೋರಿಸುತ್ತಿದ್ದವನು, ಮಾಯಾಲಾಂದ್ರದ ಸ್ಲೈಡು ತೋರಿಸುತ್ತಿದ್ದವನು. ಜನರ ಕಣ್ಣು ಯಾವಾಗ ಎಲ್ಲಿರುತ್ತದೆಂದು ಅವನಿಗೆ ಗೊತ್ತಿತ್ತು.

ಎರಡನೆಯದು 1905ರ ‘ದಿ ನೈಟ್ ಬಿಫೋರ್ ಕ್ರಿಸ್‌ಮಸ್’. ಎಡಿಸನ್ ಕಂಪನಿಯದು, ತೆಗೆದವನು ಎಡ್ವಿನ್ ಪೋರ್ಟರ್. ಈ ಪೋರ್ಟರ್ ಮೇಲೆ ನನಗೆ ಸ್ವಲ್ಪ ಪಕ್ಷಪಾತ. ನಿರ್ದೇಶಕನಾಗುವ ಮೊದಲು ಅವನು ನ್ಯೂಯಾರ್ಕಿನಲ್ಲಿ ಪ್ರೊಜೆಕ್ಟರ್ ಓಡಿಸುತ್ತಿದ್ದ ಆಪರೇಟರ್, ನಮ್ಮ ಜಾತಿಯವನು. 1823ರಲ್ಲಿ ಒಂದು ಅಮೆರಿಕನ್ ಪತ್ರಿಕೆಯಲ್ಲಿ ಅಚ್ಚಾದ ಮಕ್ಕಳ ಪದ್ಯವನ್ನು ಇಲ್ಲಿ ಚಿತ್ರ ಮಾಡಿದ್ದಾನೆ. ಸಾಂತಾ ನಿಜವಾದ ಹಿಮಸಾರಂಗಗಳ ಹಿಂಡಿಗೆ ಮೇವು ಹಾಕುತ್ತಾನೆ, ಆಟಿಕೆ ಮಾಡುತ್ತಾನೆ, ಮಕ್ಕಳು ದಿಂಬು ಹಿಡಿದು ಬಡಿದಾಡುತ್ತಾರೆ (ವೇಗ ಅಳೆಯಲು ಆ ದಿಂಬೇ ಸಾಕು). ಆಮೇಲೆ ಗಾಡಿ ಹೊರಡುತ್ತದೆ. ಇಲ್ಲಿ ನಿಜವಾದ ಹಿಮಸಾರಂಗ ಬಿಟ್ಟು, ಬಣ್ಣ ಬಳಿದ ಗುಡ್ಡಗಳ ಮುಂದೆ ಗೊಂಬೆಗಾಡಿ ಓಡಿಸಿದ್ದಾರೆ. ದೊಡ್ಡವರು ನಗುತ್ತಾರೆ, ಸಣ್ಣವರು ಬಾಯಿ ಬಿಟ್ಟುಕೊಂಡು ನೋಡುತ್ತಾರೆ. ‘ಕೆಂಪು ಮೂಗಿಂದು ಎಲ್ಲೈತಿ?’ ಎಂದು ಯಾರಾದರೂ ಕೇಳಿದರೆ, ಅದು ಇನ್ನೂ ಹುಟ್ಟಿರಲಿಲ್ಲ ಅನ್ನಿ. ಕೆಂಪು ಮೂಗಿನ ಆ ಹಿಮಸಾರಂಗ, ರುಡಾಲ್ಫ್, ಬಂದದ್ದು 1939ರಲ್ಲಿ.

ಇಂಥ ಚಿತ್ರ ಉಳಿದದ್ದೇ ಒಂದು ಪುಣ್ಯ. ಆಗಿನ ನೈಟ್ರೇಟ್ ಫಿಲ್ಮು ಬೆಂಕಿ ಕಂಡರೆ ಭಗ್ಗೆನ್ನುವಂಥದ್ದು, ಸುಮ್ಮನೆ ಇಟ್ಟರೂ ಕರಗಿ ಅಂಟಾಗುವಂಥದ್ದು. ಆದರೆ ಅಮೆರಿಕದಲ್ಲಿ 1912ರವರೆಗೆ ಸಿನಿಮಾಕ್ಕೆಂದು ಬೇರೆ ಕಾಪಿರೈಟ್ ಇರಲಿಲ್ಲ. ಹಾಗಾಗಿ ಕಂಪನಿಗಳು ಫಿಲ್ಮನ್ನು ಉದ್ದ ಕಾಗದದ ಸುರುಳಿಯ ಮೇಲೆ ಅಚ್ಚು ಹಾಕಿ, ಫೋಟೋ ಎಂದು ನೋಂದಾಯಿಸಿ ವಾಷಿಂಗ್ಟನ್ನಿನ ಲೈಬ್ರರಿ ಆಫ್ ಕಾಂಗ್ರೆಸ್ಸಿಗೆ ಕೊಡುತ್ತಿದ್ದವು. ಫಿಲ್ಮು ಸತ್ತರೂ ಎಷ್ಟೋ ಚಿತ್ರಗಳ ಕಾಗದ ಬದುಕಿತು.

ಮೂರನೆಯದಾಗಿ ಒಂದು ಗೊಂಬೆಯಾಟ. 1910ರ ದಶಕದ ಆರಂಭದಲ್ಲಿ ಮಾಸ್ಕೋದಲ್ಲಿ ಸ್ಟಾರೆವಿಚ್ ಎಂಬವನು ಮಾಡಿದ ‘ಕೀಟಗಳ ಕ್ರಿಸ್‌ಮಸ್’, ಆರೇಳು ನಿಮಿಷ. ಕ್ರಿಸ್‌ಮಸ್ ಗಿಡಕ್ಕೆ ಕಟ್ಟಿದ ಹಿಮಜ್ಜನ (ರಷ್ಯನ್ನರ ಸಾಂತಾನ) ಗೊಂಬೆ ರಾತ್ರಿ ಜೀವ ಬಂದು, ಗಿಡದಿಂದ ಇಳಿದು ಕಾಡಿಗೆ ಹೋಗಿ ಹುಳಹುಪ್ಪಡಿಗೆ, ಕಪ್ಪೆಗೆ ಹಬ್ಬ ಮಾಡಿಸುತ್ತದೆ. ಉಡುಗೊರೆ ಮನುಷ್ಯರಿಗೇ ಯಾಕೆ ಅನ್ನುವ ಹಟ ಇದೆ ಇದರಲ್ಲಿ. ಸತ್ತ ಕೀಟಗಳ ಕಾಲಿಗೆ ತಂತಿ ಕಟ್ಟಿ, ಒಂದೊಂದೇ ಚಿತ್ರ ತೆಗೆಯುತ್ತ ಅವನು ಸಿನಿಮಾ ಮಾಡುತ್ತಿದ್ದ. ಅವನ ಚಿತ್ರ ನೋಡಿದ ಕೆಲವರು ಹುಳಗಳಿಗೆ ತರಬೇತಿ ಕೊಟ್ಟಿದ್ದಾರೆಂದೇ ನಂಬಿದ್ದರಂತೆ. ನಾಲ್ಕು ವರ್ಷದ ಮಕ್ಕಳೂ ಇದಕ್ಕೆ ಅಲುಗಾಡದೆ ಕೂರುತ್ತವೆ.

ಆಮೇಲೆ ಕಥೆಯ ಚಿತ್ರಗಳು, ಎರಡೇ ಎರಡು. 1909ರ ‘ಎ ಟ್ರ್ಯಾಪ್ ಫಾರ್ ಸಾಂತಾ ಕ್ಲಾಸ್’, ಡಿ. ಡಬ್ಲ್ಯೂ. ಗ್ರಿಫಿತ್ ತೆಗೆದದ್ದು. ಕೆಲಸವಿಲ್ಲದ, ಕುಡಿತಕ್ಕೆ ಬಿದ್ದ ಗಂಡ ಮನೆ ಬಿಟ್ಟು ಹೋಗುತ್ತಾನೆ. ಹೆಂಡತಿಗೆ ಆಸ್ತಿ ಬರುತ್ತದೆ, ಮಕ್ಕಳನ್ನು ಕರೆದುಕೊಂಡು ದೊಡ್ಡ ಮನೆಗೆ ಹೋಗುತ್ತಾಳೆ. ಹಬ್ಬದ ರಾತ್ರಿ ಸಾಂತಾ ಕಿಟಕಿಯಿಂದ ಬರುತ್ತಾನೆಂದು ನಂಬಿದ ಮಕ್ಕಳು ಅವನನ್ನು ಹಿಡಿಯಲು ಅಲ್ಲಿ ಬಲೆ ಹೂಡುತ್ತಾರೆ. ಕಿಟಕಿಯಿಂದ ಇಳಿಯುವವನು ಅವರಪ್ಪ, ಯಾರ ಮನೆಯೆಂದೇ ಗೊತ್ತಿಲ್ಲದೆ ಕಳ್ಳತನಕ್ಕೆ ಬಂದವನು. ಮುಂದಿನದನ್ನು ನಾನು ಹೇಳುವುದಿಲ್ಲ, ನೀವೂ ಜನರಿಗೆ ಮೊದಲೇ ಹೇಳಬೇಡಿ. ಈ ಚಿತ್ರಕ್ಕೆ ನಮ್ಮ ಓಣಿಯ ಹೆಂಗಸರು ಸುಮ್ಮನಾದಷ್ಟು ಬೇರೆ ಯಾವುದಕ್ಕೂ ಆಗಿಲ್ಲ. ಕುಡುಕ ಗಂಡನ ಕಥೆಗೆ ಅನುವಾದ ಬೇಡವಲ್ಲ.

ಅದರ ಭಾರ ಇಳಿಸಲು ಕೊನೆಗೆ 1912ರ ‘ಎ ಕ್ರಿಸ್‌ಮಸ್ ಆಕ್ಸಿಡೆಂಟ್’, ಕಾಲು ಗಂಟೆ. ಅಕ್ಕಪಕ್ಕದ ಎರಡು ಮನೆ. ಒಂದರಲ್ಲಿ ಗಿಲ್ಟನ್ ಎಂಬ ಸಿಡುಕು ಮುದುಕ, ದುಡ್ಡಿದೆ, ಮಕ್ಕಳಿಲ್ಲ. ಇನ್ನೊಂದರಲ್ಲಿ ಬಿಲ್ಟನ್, ಮನೆ ತುಂಬ ಮಕ್ಕಳು, ದುಡ್ಡಿಲ್ಲ. ಹಬ್ಬದ ರಾತ್ರಿ ಹಿಮದ ಗಾಳಿಯಲ್ಲಿ ಕಣ್ಣು ಕಾಣದೆ, ಕೈತುಂಬ ಪೊಟ್ಟಣ ಹಿಡಿದುಕೊಂಡು ಗಿಲ್ಟನ್ ತಪ್ಪಿ ಪಕ್ಕದ ಮನೆಗೆ ನುಗ್ಗುತ್ತಾನೆ. ಮಕ್ಕಳು ಅವನನ್ನು ಮುತ್ತಿಕೊಳ್ಳುತ್ತವೆ. ನಮ್ಮೂರಿನ ಶಹಾಪುರದ ಹಳೆಯ ಓಣಿಗಳಲ್ಲಿ ಒಂದೇ ಗೋಡೆಯ ಆಚೆ ಈಚೆ ಬಾಳಿದವರಿಗೆ ಈ ಗಿಲ್ಟನ್ ಯಾರೆಂದು ಹೇಳಬೇಕಾಗಿಲ್ಲ.

1925ರಲ್ಲಿ ಅಲಾಸ್ಕಾದಲ್ಲಿ ತೆಗೆದ ಇನ್ನೊಂದು ‘ಸಾಂತಾ ಕ್ಲಾಸ್’ ಇದೆ. ಸಾಂತಾ ವರ್ಷದ ಉಳಿದ ದಿನ ಏನು ಮಾಡುತ್ತಾನೆ ಅನ್ನುವುದನ್ನು ತೋರಿಸುತ್ತದೆ. ಉದ್ದವಾಯಿತು. ಒಟ್ಟು ಮುಕ್ಕಾಲು ಗಂಟೆ, ಹೆಚ್ಚೆಂದರೆ ಐವತ್ತು ನಿಮಿಷ ದಾಟಬಾರದು. ಬೆಳಗಾವಿಯ ಡಿಸೆಂಬರ್ ಚಳಿಯಲ್ಲಿ ಅದಕ್ಕಿಂತ ಹೆಚ್ಚು ಹೊತ್ತು ಅಂಗಳದಲ್ಲಿ ಯಾರೂ ಕೂರುವುದಿಲ್ಲ.

ಈಗ ಮುಖ್ಯ ಮಾತಿಗೆ ಬರುತ್ತೇನೆ. ಮೂಕಿ ಚಿತ್ರವನ್ನು ಮೂಕವಾಗಿ ತೋರಿಸಬಾರದು. ಆ ಕಾಲದಲ್ಲೂ ಹಾಗೆ ತೋರಿಸುತ್ತಿದ್ದದ್ದು ಕಡಿಮೆ. ಬಹಳ ಕಡೆ ವಾದ್ಯ ಇತ್ತು, ಎಷ್ಟೋ ಕಡೆ ಪರದೆಯ ಪಕ್ಕ ನಿಂತು ಕಥೆ ಹೇಳುವವನಿದ್ದ. ನಮ್ಮ ದೇಶದಲ್ಲಿ ದಾದಾಸಾಹೇಬ್ ಫಾಲ್ಕೆಯವರು 1913ರಲ್ಲಿ ‘ರಾಜಾ ಹರಿಶ್ಚಂದ್ರ’ ತಂದಾಗ ದೃಶ್ಯಗಳ ನಡುವೆ ಬರುವ ಅಕ್ಷರದ ಫಲಕ ಇಂಗ್ಲಿಷ್, ಹಿಂದಿ ಎರಡರಲ್ಲೂ ಇದ್ದವು. ಆದರೆ ಟಾಕೀಸಿಗೆ ಬಂದವರಲ್ಲಿ ಓದು ಬಲ್ಲವರು ಎಷ್ಟು ಮಂದಿ? ಯಾರೋ ಒಬ್ಬರು ಓದಿ ಹೇಳಲೇಬೇಕು. ಅಂದ ಹಾಗೆ, ಫಾಲ್ಕೆಯವರಿಗೆ ಸಿನಿಮಾ ಮಾಡುವ ಹುಚ್ಚು ಹತ್ತಿದ್ದೇ ಮುಂಬಯಿಯಲ್ಲಿ ಯೇಸುವಿನ ಜೀವನದ ಚಿತ್ರ ನೋಡಿ. ಪರದೆಯ ಮೇಲೆ ಯೇಸು ನಡೆಯುತ್ತಿದ್ದಾಗ ಅವರ ಕಣ್ಣಿಗೆ ಕೃಷ್ಣ ಕಂಡಿದ್ದ. ‘ನಿಮ್ಮದಲ್ಲದ ಹಬ್ಬದ ಸಿನಿಮಾ ನಿಮಗ್ಯಾಕ್ರೀ?’ ಅನ್ನುವವರಿಗೆ ನಾನು ಇಷ್ಟೇ ಹೇಳಿ ಮುಂದೆ ಹೋಗುತ್ತೇನೆ.

ಹೇಳುವವನನ್ನು ಹುಡುಕುವಾಗ ಶಾಲೆಯ ಭಾಷಣದವರನ್ನು ಕರೆಯಬೇಡಿ. ಶ್ರೀಕೃಷ್ಣ ಪಾರಿಜಾತ ಬಯಲಾಟ ಆಡಿದವರು, ಕಡೇಪಕ್ಷ ರಾತ್ರಿಯಿಡೀ ಕೂತು ನೋಡಿದವರು ಬೇಕು. ಕುಲಗೋಡದ ತಮ್ಮಣ್ಣನ ಪಾರಿಜಾತ ಹುಟ್ಟಿದ್ದು ನಮ್ಮ ಜಿಲ್ಲೆಯಲ್ಲೇ, ಬಾಗಲಕೋಟೆ ಕಡೆಗೂ ಅದರ ಮೇಳಗಳು ಬಹಳ. ನಾರದ ತಂದ ಒಂದು ಹೂವನ್ನು ಕೃಷ್ಣ ರುಕ್ಮಿಣಿಗೆ ಕೊಟ್ಟ, ಸತ್ಯಭಾಮೆಗೆ ಸಿಟ್ಟು ಬಂತು. ಇಡೀ ರಾತ್ರಿಯ ಆಟ ಒಂದೇ ಒಂದು ಉಡುಗೊರೆಯ ಮೇಲೆ ನಿಂತಿದೆ! ಅದರಲ್ಲಿ ದೂತಿ ಮಾಡುವ ಕೆಲಸ ನೋಡಿ. ಕಥೆಯ ಒಳಗೂ ಇರುತ್ತಾಳೆ, ಹೊರಗೂ ಇರುತ್ತಾಳೆ, ದೇವರನ್ನೂ ಬಿಡದೆ ಕಾಲೆಳೆಯುತ್ತಾಳೆ, ಪದ ಬಂದಾಗ ಸುಮ್ಮನಾಗುತ್ತಾಳೆ. ಪರದೆಯ ಪಕ್ಕ ನಿಂತವರಿಗೆ ಆ ಹದ ಬೇಕು.

ಕೆಲವು ನಿಯಮ ಹೇಳುತ್ತೇನೆ. ಕಣ್ಣಿಗೆ ಕಾಣುವುದನ್ನು ಹೇಳಬೇಡಿ. ‘ಈಗ ಸಾಂತಾ ಬರುತ್ತಿದ್ದಾನೆ’ ಅಂದರೆ ಜನ ‘ಕಾಣ್ತೈತಿ ಬಿಡೋ’ ಅನ್ನುತ್ತಾರೆ. ಸ್ಮಿತ್ ಚಿತ್ರಕ್ಕೆ ನಮ್ಮಲ್ಲಿ ಹೇಳುವುದು ಇಷ್ಟೇ: ‘ಹುಡುಗ್ರು ಹಾಸಿಗ್ಯಾಗ ಬಿದ್ರು. ದೀಪಾ ಆರಿತು. ಮಾಳಿಗಿ ಮ್ಯಾಲ ಸಪ್ಪಳಾ ಕೇಳಿಸ್ತೇನ?’ ಅಷ್ಟು ಹೇಳಿ ಬಾಯಿ ಮುಚ್ಚಬೇಕು. ಚಿಮಣಿಯಿಂದ ಇಳಿಯುವುದು ಸಣ್ಣ ಮಕ್ಕಳಿಗೆ ತಿಳಿಯದಿದ್ದರೆ ಅಜ್ಜಿಯ ಊರಿನ ಮಣ್ಣಿನ ಮಾಳಿಗೆ ಮನೆಯ ಬೆಳಕಿಂಡಿ ನೆನಪು ಮಾಡಿ, ಚಿತ್ರ ಶುರುವಾಗುವ ಮೊದಲೇ. ನಡುವೆ ವಿವರಣೆ ಬೇಡ.

ಅಕ್ಷರದ ಫಲಕ ಬಂದಾಗ ಚಿತ್ರ ನಿಲ್ಲಿಸಬಾರದು. ಫಲಕ ಪರದೆಯ ಮೇಲಿರುವುದು ಐದಾರು ಸೆಕೆಂಡು. ಅಷ್ಟರೊಳಗೆ ಮುಗಿಯುವಂತೆ ಏಳೆಂಟು ಶಬ್ದದ ಒಂದು ಸಾಲು ಮೊದಲೇ ಬರೆದಿಟ್ಟುಕೊಳ್ಳಿ. ಇಂಗ್ಲಿಷಿನಲ್ಲಿ ಏನಿದೆಯೋ ಅದನ್ನೆಲ್ಲ ಹೇಳುವ ಹಟ ಬೇಡ. ಬರೆದದ್ದನ್ನು ಮೊಬೈಲಿನ ಬೆಳಕಲ್ಲಿ ಓದಬೇಡಿ, ಆ ಬೆಳಕು ಮುಖಕ್ಕೆ ಬಿದ್ದು ಎಲ್ಲರ ಕಣ್ಣು ಅತ್ತ ಹೋಗುತ್ತದೆ. ಬಾಯಿಪಾಠ ಆಗಲಿ, ಇರುವುದೇ ಇಪ್ಪತ್ತು ಮೂವತ್ತು ಸಾಲು.

ಗ್ರಿಫಿತ್ ಚಿತ್ರದಲ್ಲಿ ಕಳ್ಳ ಕಿಟಕಿ ಹತ್ತಿದಾಗ ‘ಇಂವಾ ಅವರಪ್ಪ’ ಎಂದು ಹೇಳಲು ನಾಲಿಗೆ ತುರಿಸುತ್ತದೆ. ಹೇಳಬೇಡಿ. ಜನರಲ್ಲಿ ಯಾರಾದರೂ ಒಬ್ಬರು ಗುರುತು ಹಿಡಿದು ಪಕ್ಕದವರಿಗೆ ಹೇಳಲಿ, ಆ ಪಿಸುಮಾತು ಹಿಂದಿನ ಸಾಲಿನವರೆಗೆ ಹೋಗಲಿ. ‘ಆಕ್ಸಿಡೆಂಟ್’ಗೆ ಮಾತ್ರ ಬಾಯಿ ಬಿಚ್ಚಿ. ಗಿಲ್ಟನ್ ತಪ್ಪು ಬಾಗಿಲಿಗೆ ಕೈ ಹಾಕಿದಾಗ ನಮ್ಮಲ್ಲಿ ಕಥೆ ಹೇಳುವ ಅಕ್ಕ ಕೂಗುತ್ತಾಳೆ, ‘ಸಾಹೇಬ್ರ, ನಿಮ್ಮ ಬಾಗಲಾ ಅದಲ್ರೀ!’ ಆಮೇಲೆ ಅಂಗಳದ ಮಕ್ಕಳೆಲ್ಲ ಅದನ್ನೇ ಕೂಗುತ್ತವೆ, ಎರಡು ನಿಮಿಷ ಯಾರ ಮಾತೂ ಕೇಳಿಸುವುದಿಲ್ಲ. ಕೇಳಿಸುವುದೂ ಬೇಡ. ನಮ್ಮ ಓಣಿಯಲ್ಲಿ ಕನ್ನಡ, ಮರಾಠಿ, ಕೊಂಕಣಿ ಮೂರೂ ನಡೆಯುತ್ತವೆ. ಅಕ್ಕ ಕನ್ನಡದಲ್ಲಿ ಹೇಳುತ್ತಾಳೆ, ಬೈಗುಳ ಬಂದಾಗ ಮರಾಠಿಗೆ ದಾಟುತ್ತಾಳೆ. ನಾನು ತಡೆಯುವುದಿಲ್ಲ.

ವಾದ್ಯಕ್ಕೆ ಪೇಟಿ, ಅಂದರೆ ಹಾರ್ಮೋನಿಯಂ, ಸಾಕು. ಭಜನೆಗೆ ಬಾರಿಸುವ ಯಾವ ಪೇಟಿ ಮಾಸ್ತರರಾದರೂ ಆದೀತು, ಆದರೆ ಮುಂಚಿನ ದಿನ ಒಂದು ಸಲ ಚಿತ್ರ ತೋರಿಸಿ. ತೋರಿಸದಿದ್ದರೆ ಕುಡುಕ ಗಂಡ ಮನೆ ಬಿಟ್ಟು ಹೋಗುವಾಗ ಮದುವೆ ಮನೆಯ ಹಾಡು ಬರುತ್ತದೆ. ಕೀಟಗಳ ಚಿತ್ರಕ್ಕೆ ಪಹಾಡಿ ರಾಗದ ಹಗುರ ಧುನ್, ಗಂಡನ ಸಂಕಟಕ್ಕೆ ಜೋಗಿಯಾ ರಾಗ, ಗಿಲ್ಟನ್‌ಗೆ ಜೋರು ಕೆಹರವಾ ತಾಳ. ಕಾಲುಚೀಲ ತುಂಬುವಾಗ ಪೇಟಿ ಪೂರ್ತಿ ನಿಲ್ಲಬೇಕು, ಇದು ನನ್ನ ಹಟ. ಹಿಮಸಾರಂಗದ ಗಾಡಿಗೆ ಎತ್ತಿನ ಕೊರಳಿನ ಗೆಜ್ಜೆಸರ ತರಿಸಿ, ದೊಡ್ಡ ಹುಡುಗನೊಬ್ಬನ ಕೈಗೆ ಕೊಡಿ. ಗಾಡಿ ಕಂಡಾಗ ಅಲುಗಿಸಬೇಕು, ಮರೆಯಾದಾಗ ನಿಲ್ಲಿಸಬೇಕು. ಈ ಕೆಲಸಕ್ಕೆ ಜಗಳ ಬೀಳುತ್ತದೆ, ಚೀಟಿ ಎತ್ತಿ.

ಪರದೆ, ಜಾಗ, ಕರೆಂಟು. ಈ ಚಿತ್ರಗಳ ಚೌಕಟ್ಟು ಅಗಲ 4 ಆದರೆ ಎತ್ತರ 3. ಎಂಟಡಿ ಅಗಲಕ್ಕೆ ಆರಡಿ ಎತ್ತರದ ಬಿಳಿ ದಪ್ಪ ಬಟ್ಟೆ ಖಡೇಬಜಾರದಲ್ಲಿ ಸಿಗುತ್ತದೆ. ಕೆಳಗಿನ ಅಂಚಿಗೆ ಬಿದಿರು ಸೇರಿಸಿ ಹೊಲಿಸಿ, ಗಾಳಿಗೆ ಹಾರುವುದಿಲ್ಲ. ಪ್ರೊಜೆಕ್ಟರಿನಲ್ಲಿ 4:3 ಆರಿಸಲು ಮರೆತರೆ ಸಾಂತಾ ಅಡ್ಡಕ್ಕೆ ಹಿಗ್ಗಿ ಕುಂಬಳಕಾಯಿ ಆಗುತ್ತಾನೆ. ಡಿಸೆಂಬರಿನಲ್ಲಿ ಸೂರ್ಯ ಆರರ ಹೊತ್ತಿಗೆ ಮುಳುಗಿದರೂ ಆಕಾಶದಲ್ಲಿ ಬೆಳಕು ಉಳಿದಿರುತ್ತದೆ, ಏಳಕ್ಕಿಂತ ಮೊದಲು ಶುರು ಮಾಡಬೇಡಿ. ಎದುರು ಸಾಲಿನ ಮನೆಗಳ ನಕ್ಷತ್ರದ ದೀಪಗಳನ್ನು ಮುಕ್ಕಾಲು ಗಂಟೆ ಆರಿಸಲು ಮನೆಮನೆಗೆ ಹೋಗಿ ಕೇಳಿಕೊಳ್ಳಿ, ಫೋನಿನಲ್ಲಿ ಕೇಳಿದರೆ ಆರಿಸುವುದಿಲ್ಲ. ಗೋದಲಿಯ ಮುಂದಿನ ಸಣ್ಣ ದೀಪ ಮಾತ್ರ ಇರಲಿ, ಅದು ತೊಂದರೆ ಕೊಡುವುದಿಲ್ಲ, ಆರಿಸಿ ಅನ್ನುವುದೂ ಸರಿಯಲ್ಲ. ಕರೆಂಟು ಹೋದರೆ ಲ್ಯಾಪ್‌ಟಾಪಿನ ಬ್ಯಾಟರಿ ಉಳಿಸುತ್ತದೆ, ಪ್ರೊಜೆಕ್ಟರ್ ಉಳಿಯಲು ಇನ್ವರ್ಟರ್ ಬೇಕು. ಇಲ್ಲದಿದ್ದರೆ ಕತ್ತಲಲ್ಲೇ ಹೇಳುವವರು ಕಥೆ ಮುಂದುವರಿಸಲಿ.

ಉಡುಗೊರೆ ಹಂಚುವುದಿದ್ದರೆ ಸಿನಿಮಾ ಮುಗಿದ ಮೇಲೆ. ಮೊದಲೇ ಕೊಟ್ಟರೆ ಬಣ್ಣದ ಕಾಗದದ ಪರಪರ ಸದ್ದಿನಲ್ಲಿ ಪೇಟಿ ಮುಳುಗುತ್ತದೆ. ಹಬ್ಬದ ತಿಂಡಿಗಳಾದ ಕುಲಕುಲ, ನೆವರಿಯ ತಟ್ಟೆಗಳಿಗೂ ಅದೇ ನಿಯಮ ಅನ್ನುತ್ತೇನೆ, ಯಾರೂ ಪಾಲಿಸುವುದಿಲ್ಲ.

ಅಂಗಳವಿಲ್ಲದವರು, ನಾಲ್ಕೇ ಜನ ಇರುವವರು ಮನೆಯ ಟಿವಿಯಲ್ಲೇ ಹಾಕಬಹುದು. ಅಲ್ಲಿ ಒಂದು ಕೆಲಸ ಹೆಚ್ಚಿಗೆ ಇದೆ. ಈಗಿನ ಟಿವಿಗಳು ಎರಡು ಚಿತ್ರಗಳ ನಡುವೆ ತಾವೇ ಹೊಸ ಚಿತ್ರ ಹುಟ್ಟಿಸಿ ಚಲನೆಯನ್ನು ನುಣುಪು ಮಾಡುತ್ತವೆ. ಕ್ರಿಕೆಟ್‌ಗೆ ಅದು ಸರಿ, ಕೈಯಲ್ಲಿ ಹಿಡಿಕೆ ತಿರುಗಿಸಿ ತೆಗೆದ ಚಿತ್ರಕ್ಕೆ ಅದು ವಿಷ. ಅಂಚುಗಳೆಲ್ಲ ನೀರಿನಲ್ಲಿ ಕಲಸಿದಂತಾಗುತ್ತವೆ. ಒಂದೊಂದು ಕಂಪನಿ ಅದಕ್ಕೆ ಒಂದೊಂದು ಹೆಸರಿಟ್ಟಿರುತ್ತದೆ, ಚಿತ್ರದ ಸೆಟ್ಟಿಂಗಿನಲ್ಲಿ ಚಲನೆಗೆ ಸಂಬಂಧಿಸಿದ್ದು ಯಾವುದಿದೆಯೋ ಅದನ್ನು ಪೂರ್ತಿ ಬಂದ್ ಮಾಡಿ. ರಿಮೋಟು ಕೈಯಲ್ಲಿರುವಾಗಲೇ ಧ್ವನಿಯನ್ನೂ ಸೊನ್ನೆಗೆ ಇಳಿಸಿ, ಹೇಳುವ ಕೆಲಸ ಮನೆಯ ಅಜ್ಜಿಗೆ ಒಪ್ಪಿಸಿ.